ಧರ್ಮಪುರಿಯ ನೊಳಂಬ ಚಾವಣಿ, ತ್ಯಾಗನೂರಿನ ಬುದ್ಧ

ಬೆಂಗಳೂರಿನಿಂದ ಹೊಗೆನಕಲ್ಲಿಗೆ ಹೊರಟವರಿಗೆ ಧರ್ಮಪುರಿ ಎಂದರೆ ಕಾಫಿಗೆ ಗಾಡಿ ನಿಲ್ಲಿಸುವ ಊರು. ಕೃಷ್ಣಗಿರಿ ದಾಟಿ ಹೆದ್ದಾರಿಯಲ್ಲಿ ಇನ್ನಷ್ಟು ದೂರ ಬಂದು, ಪೆನ್ನಾಗರದ ರಸ್ತೆಗೆ ತಿರುಗಿಕೊಂಡರೆ ಮುಂದೆ ಕಾವೇರಿಯ ಗುಂಗು ಹಿಡಿಯುತ್ತದೆ. ಊರಿನತ್ತ ಯಾರೂ ತಿರುಗಿ ನೋಡುವುದಿಲ್ಲ. ಆ ತಿರುವಿಗೆ ಮೊದಲು ಊರೊಳಗೆ ಹೊಕ್ಕು, ಗಾಡಿಯನ್ನು ಒಂದು ಕಡೆ ಬಿಟ್ಟು, ಕೋಟೆ ದೇವಸ್ಥಾನ ಎಲ್ಲಿ ಎಂದು ಕೇಳಿಕೊಂಡು ನಡೆದು ಹೋಗಿ. ಕೋಟೆಯ ಗೋಡೆ ಈಗ ಇಲ್ಲ, ಹೆಸರು ಮಾತ್ರ ಉಳಿದಿದೆ. ಆದರೆ ಅಲ್ಲಿನ ಮಲ್ಲಿಕಾರ್ಜುನನ ಗುಡಿಯ ಚಾವಣಿಯ ಕೆಳಗೆ ನಿಂತ ಕನ್ನಡಿಗನಿಗೆ ತಾನು ಪರವೂರಿಗೆ ಬಂದಿದ್ದೇನೆ ಅನ್ನಿಸುವುದಿಲ್ಲ.

ಆ ಚಾವಣಿ ನೊಳಂಬರದು. ಹೇಮಾವತಿಯನ್ನು ರಾಜಧಾನಿ ಮಾಡಿಕೊಂಡು ನೊಳಂಬವಾಡಿಯನ್ನು ಆಳಿದ ಈ ಮನೆತನ 9ನೇ ಶತಮಾನದ ಕೊನೆಯ ಹೊತ್ತಿಗೆ ಇಲ್ಲಿಯವರೆಗೆ ಕೈಚಾಚಿತ್ತು. ಊರಿನ ಆಗಿನ ಹೆಸರು ತಗಡೂರು. ತಿಪಟೂರು ತಾಲ್ಲೂಕಿನ ಅರಳಗುಪ್ಪೆಯ ಕಲ್ಲೇಶ್ವರ ದೇವಾಲಯವನ್ನು ನೋಡಿದವರಿಗೆ ಈ ಬಗೆಯ ಕೆಲಸ ಗುರುತು ಸಿಗುತ್ತದೆ. ನಡುವಿನ ಚೌಕದಲ್ಲಿ ಶಿವ, ಸುತ್ತಲಿನ ಎಂಟು ಚೌಕಗಳಲ್ಲಿ ತಮ್ಮ ತಮ್ಮ ವಾಹನಗಳೊಡನೆ ಅಷ್ಟದಿಕ್ಪಾಲಕರು. ಇದನ್ನು ನೋಡುವುದಕ್ಕೂ ಒಂದು ಕ್ರಮವಿದೆ. ಮೊದಲು ಪೂರ್ವ ಯಾವ ಕಡೆ ಎಂದು ಗೊತ್ತು ಮಾಡಿಕೊಂಡು ಆನೆಯೇರಿದ ಇಂದ್ರನನ್ನು ಹುಡುಕಬೇಕು. ಆಮೇಲೆ ಬಲಕ್ಕೆ ತಿರುಗುತ್ತಾ ಹೋದರೆ ಟಗರಿನ ಮೇಲೆ ಅಗ್ನಿ, ಕೋಣದ ಮೇಲೆ ಯಮ, ಹೀಗೆ ಒಬ್ಬೊಬ್ಬರೇ ಸಿಗುತ್ತಾರೆ. ಚಾವಣಿಯೇ ದಿಕ್ಕು ಹೇಳುತ್ತದೆ. ಅವಸರದಲ್ಲಿ ಕರ್ಪೂರದಾರತಿ ತೆಗೆದುಕೊಂಡು ಹೊರಟವರಿಗೆ ಇದು ಕಾಣುವುದೇ ಇಲ್ಲ. ದೇವರು ಎದುರಿಗಿದ್ದಾನೆ, ಶಿಲ್ಪಿ ನೆತ್ತಿಯ ಮೇಲಿದ್ದಾನೆ. ಇಬ್ಬರಿಗೂ ಸಮಯ ಕೊಡಬೇಕು.

ಇದೇ ಗುಡಿಯಲ್ಲಿ ನೆಲ ಮುಟ್ಟದ ಎರಡು ಕಂಬಗಳಿವೆ. ಲೇಪಾಕ್ಷಿಯಲ್ಲಿ ಒಂದೇ ಕಂಬಕ್ಕೆ ಜನ ಮುಗಿಬೀಳುತ್ತಾರೆ, ಇಲ್ಲಿ ಎರಡಿದ್ದರೂ ಗದ್ದಲವಿಲ್ಲ. ಶಲ್ಯದ ಅಂಚನ್ನು ಕಂಬದ ಬುಡದಲ್ಲಿ ಈ ಕಡೆಯಿಂದ ತೂರಿಸಿ ಆ ಕಡೆಯಿಂದ ಎಳೆದುಕೊಳ್ಳಬಹುದು. ಚಾವಣಿಯ ಭಾರ ಉಳಿದ ಕಂಬಗಳಿಗೆ ಹಂಚಿಹೋಗಿ ಇವೆರಡು ಮೇಲಿನ ತೊಲೆಗೆ ಕಚ್ಚಿಕೊಂಡು ನಿಂತಿವೆ. ಮಕ್ಕಳನ್ನು ಕರೆದುಕೊಂಡು ಹೋಗಿದ್ದರೆ ನೀವು ಹೇಳಬೇಕಾಗಿಲ್ಲ, ಅವರೇ ನೆಲಕ್ಕೆ ಕೆನ್ನೆ ಹಚ್ಚಿ ಸಂದಿಯಲ್ಲಿ ಇಣುಕುತ್ತಾರೆ.

ಪಕ್ಕದಲ್ಲೇ ಕಾಮಾಕ್ಷಿ. ಹದಿನೆಂಟು ಮೆಟ್ಟಿಲು ಹತ್ತಿ ಅಮ್ಮನ ಎದುರು ನಿಲ್ಲಬೇಕು. ಗಂಡನ ಗುಡಿಗಿಂತ ಎತ್ತರದ ಜಗತಿ ಅವಳದು. ಮೆಟ್ಟಿಲು ಹತ್ತುವ ಮುಂಚೆ ಬುಡಕ್ಕೊಂದು ಸುತ್ತು ಬನ್ನಿ. ಆನೆಗಳು ಗುಡಿಯನ್ನು ಹೊತ್ತು ನಿಂತ ಹಾಗಿರುವ ಆ ಅಧಿಷ್ಠಾನದಲ್ಲಿ ಪುಟ್ಟ ಪುಟ್ಟ ಕಲ್ಲಿನ ಪಟ್ಟಿಕೆಗಳಲ್ಲಿ ರಾಮಾಯಣ ಕೊರೆದಿದ್ದಾರೆ. ಅಷ್ಟು ಚಿಕ್ಕದು, ಸೊಂಟ ಬಗ್ಗಿಸಿದರೆ ಮಾತ್ರ ಓದಲು ಸಿಗುತ್ತದೆ. ನಡೆಯದೆ ಕಥೆ ಮುಂದೆ ಹೋಗುವುದಿಲ್ಲ. ಎಣ್ಣೆ ಮತ್ತು ಕುಂಕುಮ ಮೆತ್ತಿದ ಕಡೆ ಮುಖಗಳು ಸವೆದಿವೆ. ಬಿಲ್ಲು, ಬಾಲ, ಕಿರೀಟ ಹಿಡಿದು ಇದು ಯಾವ ಪ್ರಸಂಗ ಎಂದು ಊಹಿಸಬೇಕು. ಗೊತ್ತಿದ್ದವರು ಜೊತೆಗಿದ್ದರೆ ಅರ್ಧ ಗಂಟೆ, ಇಲ್ಲದಿದ್ದರೆ ಐದು ನಿಮಿಷದಲ್ಲಿ ಮುಗಿದುಹೋಗುವ ಸುತ್ತು ಅದು.

ಹಂಪಿ, ಬೇಲೂರುಗಳಲ್ಲಿ ಬಾಗಿಲಲ್ಲೇ ಗೈಡುಗಳು ಕಾದಿರುತ್ತಾರೆ. ಧರ್ಮಪುರಿ, ಸೇಲಂ ಜಿಲ್ಲೆಗಳಲ್ಲಿ ಗೊತ್ತಿದ್ದವರನ್ನು ನಾವೇ ಹುಡುಕಿಕೊಳ್ಳಬೇಕು. ಬೆಳಗಿನ ಪೂಜೆ ಮುಗಿಸಿ ಬಿಡುವಾದ ಗುರುಕ್ಕಳ್, ಊರಿನ ಇತಿಹಾಸದ ಹುಚ್ಚು ಹತ್ತಿಸಿಕೊಂಡ ನಿವೃತ್ತ ಮೇಷ್ಟ್ರು, ಎದುರಿನ ಹೂವಿನ ಅಂಗಡಿಯಾಕೆ, ಇವರೇ ಇಲ್ಲಿನ ಮಾರ್ಗದರ್ಶಕರು. ಕನ್ನಡದಲ್ಲಿ ಒಂದು ಮಾತಾಡಿ ನೋಡಿ, ‘ಬೆಂಗಳೂರಿನವರಾ? ಬನ್ನಿ ಸಾರ್, ನಿಧಾನವಾಗಿ ನೋಡಿ’ ಎಂದು ಕನ್ನಡದಲ್ಲೇ ಉತ್ತರಿಸುವವರು ಅಲ್ಲಲ್ಲಿ ಸಿಗುತ್ತಾರೆ. ಜಪಾನಿನ ಶಿಕೋಕು ದ್ವೀಪದಲ್ಲಿ 88 ದೇಗುಲಗಳನ್ನು ಸುತ್ತುವ ಯಾತ್ರೆಯಿದೆ, ಸುಮಾರು 1,200 ಕಿಲೋಮೀಟರ್. ಅಲ್ಲಿ ದಾರಿ ತೋರಿಸುವ ಹಿರಿಯರಿಗೆ ಸೆಂದಾತ್ಸು ಎಂದು ಹೆಸರು. ಹಲವು ಸಲ ಯಾತ್ರೆ ಮಾಡಿ ಅನುಭವ ಪಡೆದವರಿಗಷ್ಟೇ ಆ ಮರ್ಯಾದೆ ಸಲ್ಲುತ್ತದೆ. ಎಲ್ಲಿ ಕೈಕಾಲು ತೊಳೆಯಬೇಕು, ಎಲ್ಲಿ ಮಾತು ನಿಲ್ಲಿಸಬೇಕು ಎಂಬುದನ್ನು ಅವರು ನಡೆದೇ ಕಲಿಸುತ್ತಾರೆ. ನಮ್ಮಲ್ಲಿ ಅಂಥ ಪದವಿ ಇಲ್ಲದಿರಬಹುದು, ಅಂಥ ಜನ ಇದ್ದಾರೆ. ಅವರನ್ನು ಕೇಳುವ ತಾಳ್ಮೆ ಬೇಕು.

ತಮಿಳು ಮಕ್ಕಳಿಗೆ ಧರ್ಮಪುರಿ ಗೊತ್ತಿರುವುದು ಅದಿಯಮಾನನ ಊರೆಂದು. ಆಯುಷ್ಯ ಹೆಚ್ಚಿಸುವ ನೆಲ್ಲಿಕಾಯಿಯನ್ನು ತಾನು ತಿನ್ನದೆ ಕವಯಿತ್ರಿ ಔವೈಯಾರ್‌ಗೆ ಕೊಟ್ಟ ಸಂಗಂ ಕಾಲದ ಅರಸ ಅವನು. ಕನ್ನಡಿಗರಿಗೆ ಗೊತ್ತಿರಬೇಕಾದ ಇನ್ನೊಂದು ದಾನದ ಕಥೆಯೂ ಇಲ್ಲಿಯದೇ. ಕ್ರಿ.ಶ. 893ರ ಕನ್ನಡ ಶಾಸನವೊಂದು ಧರ್ಮಪುರಿಯಲ್ಲಿ ಸಿಕ್ಕಿದೆ. ನಿಧಿಯಣ್ಣ, ಚಂಡಿಯಣ್ಣ ಎಂಬ ಇಬ್ಬರು ವರ್ತಕರು ತಗಡೂರಿನಲ್ಲಿ ಬಸದಿ ಕಟ್ಟಿಸಿದರು. ನೊಳಂಬ ದೊರೆ ಮಹೇಂದ್ರನಿಂದ ಪಡೆದ ಮೂಲಪಳ್ಳಿ ಎಂಬ ಹಳ್ಳಿಯನ್ನು ನಿಧಿಯಣ್ಣ ಆ ಬಸದಿಯ ದುರಸ್ತಿಗೆಂದು ಜೈನಗುರುಗಳಿಗೆ ಒಪ್ಪಿಸಿದ. ಬಸದಿ ಉಳಿಯಲಿಲ್ಲ, ಅದು ಹಾಳಾಗದಿರಲಿ ಎಂದು ಬರೆಸಿದ ಅಕ್ಷರ ಉಳಿಯಿತು. ಎರಡು ವ್ಯಾಪಾರಿ ಹೆಸರುಗಳು ಹನ್ನೊಂದು ನೂರು ವರ್ಷ ದಾಟಿ ಬಂದಿರುವುದು ನನಗೆ ದೊಡ್ಡ ಗೋಪುರಕ್ಕಿಂತ ಹೆಚ್ಚಿನ ಸಂಗತಿ. ಮುಂದೆ ಚೋಳರು ನೊಳಂಬವಾಡಿಯನ್ನು ಗೆದ್ದರು. ನೊಳಂಬರ ಕೆತ್ತನೆಯ ಕಂಬಗಳನ್ನು ಗೆಲುವಿನ ಗುರುತಾಗಿ ಕಾವೇರಿಯ ಕೆಳಹರಿವಿನ ತಿರುವೈಯಾರಿಗೆ ಒಯ್ದು ನಿಲ್ಲಿಸಿದರು. ಸೋತವರ ಕೆಲಸವನ್ನು ಒಡೆಯದೆ ತಮ್ಮ ದೇವರ ಪ್ರಾಕಾರಕ್ಕೆ ಏರಿಸಿದ್ದು ಸಣ್ಣ ಮಾತಲ್ಲ.

ಧರ್ಮಪುರಿಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿ ಈ ಸೀಮೆಯ ವೀರಗಲ್ಲುಗಳಿವೆ. ತುರು ಕಾಯುತ್ತಾ, ಊರು ಕಾಯುತ್ತಾ ಸತ್ತವರ ಕಲ್ಲುಗಳು. ಕೋಟೆ ದೇವಸ್ಥಾನ ನೋಡಿದ ಮೇಲೆ ಮಧ್ಯಾಹ್ನ ಗುಡಿಗಳ ಬಾಗಿಲು ಹಾಕಿರುವ ಹೊತ್ತಿಗೆ ಅಲ್ಲಿಗೆ ಹೋಗುವುದು ಒಳ್ಳೆಯದು.

ಸೇಲಂ ದಾರಿಯಲ್ಲಿ ಹತ್ತಿರದಲ್ಲೇ ಸಿಗುವ ಅದಿಯಮಾನ್‌ಕೋಟೆಗೆ ಈಗ ಕಾಲಭೈರವನಿಂದಾಗಿ ಹೆಸರು. ಕೃಷ್ಣಪಕ್ಷದ ಅಷ್ಟಮಿಯಂದು ಬೂದುಗುಂಬಳಕಾಯಿಯ ಹೋಳಿನಲ್ಲಿ ದೀಪ ಹಚ್ಚಲು ಬರುವವರ ಸಾಲು ರಸ್ತೆಯವರೆಗೆ ಬೆಳೆಯುತ್ತದೆ. ಅದೇ ಊರಿನ ಚೆನ್ನರಾಯ ಪೆರುಮಾಳ್ ಗುಡಿಗೆ ಬರುವವರು ಕಡಿಮೆ. ಅಲ್ಲಿನ ಮಂಟಪದ ಚಾವಣಿಯಲ್ಲಿ ರಾಮಾಯಣ, ಮಹಾಭಾರತದ ಹಳೆಯ ವರ್ಣಚಿತ್ರಗಳಿವೆ. ಕಾವಿ, ಹಳದಿ, ಕಪ್ಪು ಬಣ್ಣಗಳು ಅಲ್ಲಲ್ಲಿ ಚಕ್ಕೆಯೆದ್ದಿದ್ದರೂ ಕಥೆ ಹಿಡಿಯಬಹುದು. ಅಷ್ಟಮಿ ಬಿಟ್ಟು ಬೇರೆ ದಿನ ಹೋದರೆ ಎರಡನ್ನೂ ಸಮಾಧಾನವಾಗಿ ನೋಡಬಹುದು.

ಸೇಲಂ ಊರೊಳಗಿನ ನಡಿಗೆಯ ರುಚಿಯೇ ಬೇರೆ. ಶುಕಮುನಿ ಪೂಜಿಸಿದನೆಂಬ ಸುಗವನೇಶ್ವರ, ಆಡಿ ತಿಂಗಳಲ್ಲಿ ಊರಿಗೆ ಊರೇ ನೆರೆಯುವ ಕೋಟೆ ಮಾರಿಯಮ್ಮ, ಇವು ಎಲ್ಲರೂ ಹೇಳುವ ಗುಡಿಗಳು. ನಾನು ಕನ್ನಡ ಓದುಗರನ್ನು ಕರೆದೊಯ್ಯಲು ಬಯಸುವುದು ನೇಕಾರರ ಬೀದಿಗಳಿಗೆ. ಅಮ್ಮಾಪೇಟೆ, ಗುಗೈ ಮುಂತಾದ ಕಡೆಗಳಲ್ಲಿ ದೇವಾಂಗರ ಮನೆಗಳಿವೆ. ಮನೆಮಾತು ಕನ್ನಡ, ಬೀದಿಯ ಮಾತು ತಮಿಳು, ಕುಲದೇವತೆ ಚೌಡೇಶ್ವರಿ. ಕೆಂಪು ಅಂಚಿನ ಬಿಳಿ ರೇಷ್ಮೆ ಪಂಚೆ, ಸೇಲಂ ವೆಣ್‌ಪಟ್ಟು ಎಂದು ಹೆಸರಾದದ್ದು, ಇಂಥ ಮಗ್ಗಗಳಿಂದ ಬಂದದ್ದು. ಚೌಡೇಶ್ವರಿಯ ಹಬ್ಬದಲ್ಲಿ ವೀರಕುಮಾರರು ಎದೆಗೆ ಅಲಗು ಹೊಡೆದುಕೊಳ್ಳುತ್ತಾ ತಾಯಿಯನ್ನು ಕರೆಯುತ್ತಾರೆ. ಉಳಿದ ದಿನಗಳಲ್ಲಿ ಗುಡಿಯ ಅಂಗಳ ತಣ್ಣಗಿರುತ್ತದೆ. ಅಂಗಳದಲ್ಲಿ ಕೂತ ಅಜ್ಜಿಯರ ಹತ್ತಿರ ಮಾತಿಗೆ ಕೂತರೆ ನಮ್ಮಲ್ಲಿ ಮರೆತುಹೋದ ಕನ್ನಡದ ಮಾತುಗಳು ತಮಿಳಿನ ಧಾಟಿಯಲ್ಲಿ ಕಿವಿಗೆ ಬೀಳುತ್ತವೆ. ಓದಲು ಬರೆಯಲು ಬಾರದ ಭಾಷೆಯನ್ನು ತಲೆಮಾರುಗಳಿಂದ ಬಾಯಲ್ಲೇ ಕಾಪಾಡಿಕೊಂಡು ಬಂದ ಮನೆಗಳು ಅವು.

ಇದೇ ನಗರದ ಪೆರಿಯೇರಿಯಲ್ಲಿ ತಲೈವೆಟ್ಟಿ ಮುನಿಯಪ್ಪನ್ ಎಂಬ ದೇವರಿದ್ದಾನೆ. ಕಡಿದುಹೋಗಿದ್ದ ತಲೆಯನ್ನು ಮತ್ತೆ ಜೋಡಿಸಿದ ಮೂರ್ತಿಯಾದ್ದರಿಂದ ಆ ಹೆಸರು. ಜನ ಮುನಿಯಪ್ಪನೆಂದೇ ಹರಕೆ ಹೊತ್ತರು, ತೀರಿಸಿದರು. ಆದರೆ ಪದ್ಮಾಸನ, ತೊಡೆಯ ಮೇಲೆ ಒಂದರ ಮೇಲೊಂದಿಟ್ಟ ಕೈ, ಗುಂಗುರು ಕೂದಲು, ಜೋಲುವ ಕಿವಿ ಬೇರೆ ಮಾತು ಹೇಳುತ್ತಿದ್ದವು. ವ್ಯಾಜ್ಯ ಮದ್ರಾಸ್ ಹೈಕೋರ್ಟಿಗೆ ಹೋಯಿತು. ಕೋರ್ಟಿನ ಸೂಚನೆಯಂತೆ ಪುರಾತತ್ವ ಇಲಾಖೆಯವರು ಪರೀಕ್ಷಿಸಿ ಇದು ಬುದ್ಧನ ಮೂರ್ತಿ ಎಂದರು. 2022ರ ಜುಲೈನಲ್ಲಿ ನ್ಯಾಯಾಲಯ ಅದನ್ನು ಒಪ್ಪಿ, ಸ್ಥಳವನ್ನು ಪುರಾತತ್ವ ಇಲಾಖೆಗೆ ವಹಿಸಬೇಕು, ಬುದ್ಧನೆಂದು ಫಲಕ ಹಾಕಬೇಕು, ಜನ ಬಂದು ನೋಡಬಹುದು, ಪೂಜೆ ಬೇಡ ಎಂದು ಆದೇಶಿಸಿತು.

ಕಲ್ಲು ಏನು ಎಂಬುದರಲ್ಲಿ ನನಗೆ ಅನುಮಾನವಿಲ್ಲ, ಅದು ಬುದ್ಧನೇ. ನಿಂಬೆಹಣ್ಣು, ವಿಭೂತಿ ಇಟ್ಟು ಅದನ್ನು ಇಷ್ಟು ಕಾಲ ಉಳಿಸಿಕೊಟ್ಟವರು ಮುನಿಯಪ್ಪನ ಭಕ್ತರು ಎಂಬುದರಲ್ಲಿಯೂ ಅನುಮಾನವಿಲ್ಲ. ಜಪಾನಿನಲ್ಲಿ ಸಾವಿರ ವರ್ಷಕ್ಕೂ ಹೆಚ್ಚು ಕಾಲ ಶಿಂಟೋ ದೇವತೆಗಳೂ ಬುದ್ಧನೂ ಒಂದೇ ಪ್ರಾಕಾರದಲ್ಲಿ ಹೊಂದಿಕೊಂಡಿದ್ದರು. 1868ರಲ್ಲಿ ಮೆಯ್‌ಜಿ ಸರ್ಕಾರ ಇಬ್ಬರನ್ನೂ ಬೇರೆ ಮಾಡಬೇಕೆಂದು ಹುಕುಂ ಹೊರಡಿಸಿತು. ಅದರ ಬೆನ್ನಿಗೆ ಎಷ್ಟೋ ಬುದ್ಧಮೂರ್ತಿಗಳು ಒಡೆದುಹೋದವು, ಮಾರಾಟವಾದವು. ನಾರಾ ನಗರದ ಕೋಫುಕುಜಿಯಂಥ ದೊಡ್ಡ ವಿಹಾರವೂ ದಿಕ್ಕೆಟ್ಟಿತು. ಹಾಗಿದ್ದೂ ಟೋಕಿಯೋದ ಆಸಾಕುಸಾದಲ್ಲಿ ಇಂದಿಗೂ ಸೆನ್ಸೋಜಿ ಬೌದ್ಧ ದೇಗುಲದ ಮಗ್ಗುಲಲ್ಲೇ ಶಿಂಟೋ ಗುಡಿಯಿದೆ, ಬಂದವರು ಎರಡು ಕಡೆಯೂ ತಲೆಬಾಗುತ್ತಾರೆ. ಸೇಲಂನಲ್ಲಿ ದಾರಿ ತೋರಿಸುವವರು ಬುದ್ಧನ ಕಥೆಯನ್ನೂ ಮುನಿಯಪ್ಪನ ಕಥೆಯನ್ನೂ ಹೇಳಬೇಕು, ಒಂದನ್ನು ಬಿಟ್ಟು ಇನ್ನೊಂದಿಲ್ಲ.

ಬುದ್ಧನನ್ನು ಜಗಳವಿಲ್ಲದೆ ನೋಡಬೇಕಾದರೆ ಆತ್ತೂರು ದಾಟಿ, ತಲೈವಾಸಲ್ ಕಡೆಯ ತ್ಯಾಗನೂರಿಗೆ ಹೋಗಬೇಕು. ಒಂದೇ ಹಳ್ಳಿಯಲ್ಲಿ ಎರಡು ಬುದ್ಧರು, ಇಬ್ಬರೂ ಧ್ಯಾನದಲ್ಲಿ. ಹೊಲಗಳ ನಡುವೆ ಬಯಲಲ್ಲಿದ್ದ ದೊಡ್ಡ ಮೂರ್ತಿಗೆ ಈಗ ನೆರಳಾಗಿದೆ. ಊರಿನವರು ತಮ್ಮ ದೇವರಂತೆಯೇ ನಡೆದುಕೊಳ್ಳುತ್ತಾರೆ, ದೀಪ ಹಚ್ಚುತ್ತಾರೆ, ಹೂವಿಡುತ್ತಾರೆ. ಅಲ್ಲಿಂದ ಹತ್ತಿರವಿರುವ ಆರಗಳೂರಿಗೆ ಹೊಲದ ಬದಿಯ ದಾರಿಯಲ್ಲಿ ನಡೆಯುವುದು ನನಗೆ ಈ ಇಡೀ ಸುತ್ತಾಟದಲ್ಲಿ ಅತಿ ಪ್ರಿಯವಾದ ಭಾಗ. ವಸಿಷ್ಠ ನದಿಯ ದಡದ ಆರಗಳೂರು ಒಂದು ಕಾಲಕ್ಕೆ ಮಗದೈ ಮಂಡಲದ ಬಾಣ ಅರಸರ ನೆಲೆ. ಕಾಮನಾಥೇಶ್ವರ ದೇವಾಲಯದಲ್ಲಿ ಎಂಟು ಭೈರವರೂ ಇದ್ದಾರೆ. ಒಬ್ಬೊಬ್ಬನೂ ಪ್ರಾಕಾರದ ಬೇರೆ ಬೇರೆ ಜಾಗದಲ್ಲಿರುವುದರಿಂದ ಎಣಿಸಿ ಮುಗಿಸುವಷ್ಟರಲ್ಲಿ ಗುಡಿ ಪೂರ್ತಿ ನೋಡಿದಂತಾಗುತ್ತದೆ.

ಇವಕ್ಕೆ ಎದುರು ದಿಕ್ಕಿನಲ್ಲಿ, ಸೇಲಂಗೆ ಪಶ್ಚಿಮದ ತಾರಮಂಗಲಂ. ಗೆಟ್ಟಿ ಮುದಲಿಗಳು ಬೆಳೆಸಿದ ಕೈಲಾಸನಾಥ ದೇವಾಲಯದಲ್ಲಿ ಕಲ್ಲಿನ ಸರಪಳಿ, ಸಿಂಹದ ಬಾಯಲ್ಲಿ ಉರುಳುವ ಕಲ್ಲಿನ ಗುಂಡು ಎಲ್ಲ ಇವೆ. ನೀವು ನೋಡಲೇಬೇಕಾದದ್ದು ವಾಲಿವಧೆಯ ಕಂಬಗಳು. ರಾಮನ ಕಂಬದ ಬಳಿ ನಿಂತರೆ ವಾಲಿ ಕಾಣುತ್ತಾನೆ. ವಾಲಿಯ ಕಂಬದ ಬಳಿ ನಿಂತರೆ ರಾಮ ಕಾಣುವುದಿಲ್ಲ. ಶಿಲ್ಪಿ ತನ್ನ ಅಭಿಪ್ರಾಯವನ್ನು ಬಾಯಿಬಿಟ್ಟು ಹೇಳಿಲ್ಲ, ನೋಡುವವರನ್ನೇ ಎರಡೂ ಕಡೆ ನಿಲ್ಲಿಸಿದ್ದಾನೆ.

ಇಷ್ಟನ್ನೂ ಒಂದೇ ದಿನಕ್ಕೆ ತುರುಕಬೇಡಿ. ಧರ್ಮಪುರಿ ಮತ್ತು ಅದಿಯಮಾನ್‌ಕೋಟೆಗೆ ಒಂದು ದಿನ, ಸೇಲಂ ಊರಿಗೆ ಒಂದು, ತಾರಮಂಗಲಂ ಹಾಗೂ ತ್ಯಾಗನೂರು ಬೇರೆ ಬೇರೆ ದಿಕ್ಕಾದ್ದರಿಂದ ಒಂದೊಂದಕ್ಕೆ ಒಂದೊಂದು. ಹೊಸೂರು, ಧರ್ಮಪುರಿ ಮೇಲೆ ಸೇಲಂಗೆ ಬೆಂಗಳೂರಿನಿಂದ ರೈಲಿದೆ, ಊರಿಂದೂರಿಗೆ ಬಸ್ಸುಗಳಿವೆ. ನಡಿಗೆ ಗುಡಿಯ ಬಾಗಿಲಿನಿಂದ ಶುರು ಮಾಡಿ. ಬೆಳಗ್ಗೆ ಬೇಗ ಹೋಗಿ, ಮಧ್ಯಾಹ್ನ ಬಾಗಿಲು ಹಾಕಿದರೆ ಸಂಜೆಯವರೆಗೆ ಕಾಯಬೇಕು. ಸೇಲಂನ ದೇವಾಂಗರ ಮನೆಗಳಲ್ಲಿ ಎರಡೂ ಭಾಷೆ ಬಲ್ಲ ಓದಿದ ಹುಡುಗ ಹುಡುಗಿಯರಿದ್ದಾರೆ. ತಗಡೂರಿನ ಶಾಸನವನ್ನು ಅವರಿಗೆ ಓದಿ ಹೇಳಿ, ಶನಿವಾರ ಭಾನುವಾರಗಳಂದು ಈ ದಾರಿಗಳಲ್ಲಿ ಕನ್ನಡಿಗರನ್ನೂ ತಮಿಳರನ್ನೂ ಕರೆದೊಯ್ಯುವ ಕೆಲಸಕ್ಕೆ ಹಚ್ಚಿದರೆ ಹೊಟ್ಟೆಪಾಡಿಗೂ ಆದೀತು. ಕರ್ನಾಟಕದ ಗಡಿನಾಡಿಗಾಗಿ ಕೆಲಸ ಮಾಡುವವರು ಅದಕ್ಕೊಂದು ಚಿಕ್ಕ ಕೈಪಿಡಿಯನ್ನು ಕನ್ನಡದಲ್ಲಿ ಅಚ್ಚು ಹಾಕಿಸಲಿ. ಮೊದಲ ಪುಟದಲ್ಲಿ ನಿಧಿಯಣ್ಣ, ಚಂಡಿಯಣ್ಣರ ಹೆಸರಿರಲಿ.