ಪಲ್ಲಾವರಂಗೆ ತರಕಾರಿ ಬರುವ ಎರಡು ದಾರಿ

ಕೋಲಾರದ ಎಪಿಎಂಸಿ ಮಂಡಿಯಲ್ಲಿ ಹಗಲು ಹರಾಜಾದ ಟೊಮೆಟೊ ಸಂಜೆ ಲಾರಿ ಹತ್ತಿದರೆ, ಬೆಳಕು ಹರಿಯುವ ಮೊದಲೇ ಚೆನ್ನೈನ ಕೋಯಂಬೇಡು ಮಾರುಕಟ್ಟೆಯಲ್ಲಿ ಇಳಿಯುತ್ತದೆ. ಅಲ್ಲಿಂದ ನಗರದ ದಕ್ಷಿಣ ಭಾಗದ ಪಲ್ಲಾವರಂ ಸುಮಾರು ಹದಿನೈದು ಕಿಲೋಮೀಟರ್. ಚಿಲ್ಲರೆ ಅಂಗಡಿಯವರು ಟೆಂಪೊ, ಆಟೊಗಳಲ್ಲಿ ಹೇರಿಕೊಂಡು ಬರುತ್ತಾರೆ. ಚೆನ್ನೈ ಅಂಗಡಿಗಳಲ್ಲಿ ಗಟ್ಟಿ ಸಿಪ್ಪೆಯ ಹೈಬ್ರಿಡ್ ಹಣ್ಣನ್ನು ‘ಬೆಂಗಳೂರು ತಕ್ಕಾಳಿ’ ಎಂದೇ ಕೇಳಿ ಕೊಳ್ಳುತ್ತಾರೆ. ಕೋಲಾರ, ಶ್ರೀನಿವಾಸಪುರ, ಚಿಂತಾಮಣಿ ಮತ್ತು ಗಡಿಯಾಚೆಯ ಮದನಪಲ್ಲಿಯ ರೈತರೇ ಈ ನಗರದ ಸಾರು, ಸಾಂಬಾರಿಗೆ ಹುಳಿ ಒದಗಿಸುವವರು.

ಇಷ್ಟು ದೂರದಿಂದ ತರಬೇಕೇ ಎಂದು ಯಾರಿಗಾದರೂ ಅನ್ನಿಸಬಹುದು. ಟೊಮೆಟೊ ಮಟ್ಟಿಗೆ ತರಬೇಕು. ಹಗಲು 35 ಡಿಗ್ರಿ ದಾಟಿ, ರಾತ್ರಿಯೂ ಸೆಕೆ ಇಳಿಯದಿದ್ದರೆ ಅದರ ಹೂವು ಕಾಯಿ ಕಟ್ಟದೆ ಉದುರಿಹೋಗುತ್ತದೆ. ಚೆನ್ನೈ ಬೇಸಿಗೆ ಅಂಥದ್ದೇ. ಕೋಲಾರದ ಎತ್ತರದ ನೆಲದಲ್ಲಿ ರಾತ್ರಿ ತಂಪಾಗುತ್ತದೆ, ಹೂವು ಕಾಯಿ ಕಟ್ಟುತ್ತದೆ. ದೂರದ ಊರಿಗೆ ಹೋಗಬೇಕಾದ ಹಣ್ಣನ್ನು ಬಣ್ಣ ತಿರುಗುವ ಹೊತ್ತಿಗೇ ಕಿತ್ತು, 15 ಕೆ.ಜಿ.ಯ ಬಾಕ್ಸ್‌ಗಳಲ್ಲಿ ತುಂಬುತ್ತಾರೆ. ಅದು ದಾರಿಯಲ್ಲೇ ಹಣ್ಣಾಗುತ್ತದೆ.

ತೊಂದರೆ ಇರುವುದು ದರದಲ್ಲಿ. 2023ರ ಜುಲೈ ಕೊನೆಯಲ್ಲಿ ಕೋಲಾರದಲ್ಲಿ ಒಂದು ಬಾಕ್ಸ್ ಎರಡು ಸಾವಿರ ರೂಪಾಯಿ ದಾಟಿತ್ತು. ಚೆನ್ನೈಯಲ್ಲಿ ಸರ್ಕಾರವೇ ರೇಷನ್ ಅಂಗಡಿಗಳ ಮೂಲಕ ಕೆ.ಜಿ.ಗೆ 60 ರೂಪಾಯಿಯಂತೆ ಟೊಮೆಟೊ ಮಾರಬೇಕಾಯಿತು. ದರ ಏರಿದಾಗ ಎಲ್ಲರೂ ಸಸಿ ನೆಡುತ್ತಾರೆ. ಎರಡು ಮೂರು ತಿಂಗಳಿಗೆ ಎಲ್ಲರ ಹೊಲದಲ್ಲೂ ಒಟ್ಟಿಗೆ ಕಾಯಿ ಬರುತ್ತದೆ, ಆಗ ಕೀಳುವ ಕೂಲಿಯೂ ಹುಟ್ಟದೆ ರೈತರು ಹಣ್ಣನ್ನು ರಸ್ತೆ ಬದಿಗೆ ಸುರಿಯುತ್ತಾರೆ. ಹಮಾಲಿ, ಲಾರಿ ಬಾಡಿಗೆ, ದಾರಿಯಲ್ಲಿ ಕೊಳೆತ ಪಾಲು ಇವೆಲ್ಲ ದರ ಬಿದ್ದ ದಿನವೂ ಕಡಿಮೆಯಾಗುವುದಿಲ್ಲ. ಹಾಗಾಗಿ ಹೊಲದಲ್ಲಿ ಬೆಲೆ ಕುಸಿದರೂ ಪಲ್ಲಾವರಂ ಅಂಗಡಿಯಲ್ಲಿ ಅಷ್ಟೇ ಇಳಿಯುವುದಿಲ್ಲ.

ಇನ್ನೊಂದು ತೊಂದರೆ ಎಲ್ಲವೂ ಒಂದೇ ಬಾಗಿಲಿನಿಂದ ಬರುವುದು. ಜಾರ್ಜ್‌ಟೌನ್‌ನ ಇಕ್ಕಟ್ಟಾದ ಕೊತ್ತವಾಲ್ ಚಾವಡಿಯಿಂದ ಸಗಟು ವ್ಯಾಪಾರ 1996ರಲ್ಲಿ ಕೋಯಂಬೇಡಿಗೆ ಬಂತು. ಬಂದದ್ದು ಒಳ್ಳೆಯದೇ ಆಯಿತು, ಲಾರಿಗಳಿಗೆ ಜಾಗ ಸಿಕ್ಕಿತು. ಆದರೆ 2020ರ ಮೇ ತಿಂಗಳಲ್ಲಿ ಕೋವಿಡ್ ಅಲ್ಲಿ ಹರಡಿ ಮಾರುಕಟ್ಟೆ ಮುಚ್ಚಿದಾಗ ಇಡೀ ನಗರದ ತರಕಾರಿ ಏರುಪೇರಾಯಿತು. ಆತುರಾತುರವಾಗಿ ತಿರುಮಳಿಸೈಯಲ್ಲಿ ತಾತ್ಕಾಲಿಕ ಮಂಡಿ ಹಾಕಿದರು. ಕೋಯಂಬೇಡು ಮತ್ತೆ ತೆರೆದದ್ದು ಸೆಪ್ಟೆಂಬರ್‌ನಲ್ಲಿ. ಬೆಳೆಯುವ ನಗರಕ್ಕೆ ಎರಡನೆಯ ಬಾಗಿಲು ಬೇಕು ಎಂದು ಇದಕ್ಕಿಂತ ಸ್ಪಷ್ಟವಾಗಿ ಹೇಳಿದ ಘಟನೆ ಇಲ್ಲ.

ಆ ಬಾಗಿಲು ಪಲ್ಲಾವರಂನಲ್ಲೇ ಇದೆ. ಅದು ಉಳವರ್ ಸಂದೈ, ರೈತರೇ ಕೂತು ಮಾರುವ ಸಂತೆ. ಹಳೆಯ ಸಾಮಾನಿಗೆ ಹೆಸರಾದ ಇಲ್ಲಿನ ಶುಕ್ರವಾರದ ಸಂತೆಯೇ ಬೇರೆ, ಇದೇ ಬೇರೆ. 1999ರ ನವೆಂಬರ್ 14ರಂದು ಮದುರೈನಲ್ಲಿ, ಕರುಣಾನಿಧಿ ಮುಖ್ಯಮಂತ್ರಿಯಾಗಿದ್ದಾಗ, ಮೊದಲ ಉಳವರ್ ಸಂದೈ ತೆರೆಯಿತು. ಅದೇ ವರ್ಷ ಜನವರಿಯಲ್ಲಿ ಆಂಧ್ರದಲ್ಲಿ ರೈತು ಬಜಾರ್ ಶುರುವಾಗಿತ್ತು, ಅದಕ್ಕೂ ಮೊದಲು 1987ರಲ್ಲಿ ಪಂಜಾಬಿನಲ್ಲಿ ಅಪ್ನಿ ಮಂಡಿ. ನಮ್ಮ ಕರ್ನಾಟಕದ ಹಾಪ್‌ಕಾಮ್ಸ್ ಇವೆಲ್ಲಕ್ಕಿಂತ ಹಿರಿಯದು. ತೋಟಗಾರಿಕೆ ಇಲಾಖೆಯ ಡಾ. ಎಂ.ಎಚ್. ಮರಿಗೌಡರ ಕಾಲದಲ್ಲಿ, 1959ರಲ್ಲಿ, ದ್ರಾಕ್ಷಿ ಬೆಳೆಗಾರರ ಸಹಕಾರ ಸಂಘವಾಗಿ ಹುಟ್ಟಿದ್ದು. ಅಲ್ಲಿ ಸಂಘವೇ ರೈತರಿಂದ ಕೊಂಡು ಮಳಿಗೆಗಳಲ್ಲಿ ಮಾರುತ್ತದೆ. ಉಳವರ್ ಸಂದೈಯಲ್ಲಿ ರೈತ ಕೊಳ್ಳುವವರ ಎದುರೇ ಕೂರುತ್ತಾನೆ.

ಸಂತೆ ನಡೆಯುವ ಬಗೆ ಹೀಗೆ. ಮಾರಲು ಬರುವವರು ನಿಜವಾಗಿ ಬೆಳೆಗಾರರೇ ಎಂದು ಅಧಿಕಾರಿಗಳು ಜಮೀನು, ಬೆಳೆ ನೋಡಿ ಖಚಿತಪಡಿಸಿಕೊಂಡು ಫೋಟೊ ಇರುವ ಗುರುತಿನ ಚೀಟಿ ಕೊಡುತ್ತಾರೆ. ಅಂಗಡಿ ಜಾಗಕ್ಕೆ ಬಾಡಿಗೆ ಇಲ್ಲ, ತಕ್ಕಡಿ ಸಂತೆಯದ್ದೇ, ಕಮಿಷನ್ ಇಲ್ಲ. ಬೆಳಗಿನ ಜಾವ ಸಗಟು ಮಾರುಕಟ್ಟೆಯ ಅಂದಿನ ದರ ತಿಳಿದುಕೊಂಡು, ಸಂತೆಯ ಅಧಿಕಾರಿ ಮತ್ತು ರೈತರು ಸೇರಿ ದಿನದ ಬೆಲೆ ಕಟ್ಟುತ್ತಾರೆ. ರೈತನಿಗೆ ಸಗಟಿಗಿಂತ ಸುಮಾರು ಶೇ 20ರಷ್ಟು ಹೆಚ್ಚು ಸಿಗಬೇಕು, ಕೊಳ್ಳುವವರಿಗೆ ಚಿಲ್ಲರೆಗಿಂತ ಶೇ 15ರಷ್ಟು ಕಡಿಮೆ ಬೀಳಬೇಕು ಎಂಬುದು ಲೆಕ್ಕ. ಆ ಬೆಲೆಯನ್ನು ಬೋರ್ಡಿನ ಮೇಲೆ ಬರೆಯುತ್ತಾರೆ. ಕೊಳ್ಳುವವರು ಮೊದಲು ಆ ಬೋರ್ಡು ಓದಬೇಕು, ಆಮೇಲೆ ಚೀಲ ತೆಗೆಯಬೇಕು. ಚೀಟಿ ಇಲ್ಲದ ವ್ಯಾಪಾರಿ ಮಂಡಿಯ ಸರಕು ತಂದು ರೈತನ ಜಾಗದಲ್ಲಿ ಕೂತರೆ ಇಡೀ ವ್ಯವಸ್ಥೆ ಹಾಳಾಗುತ್ತದೆ, ಆದ್ದರಿಂದ ಚೀಟಿ ಎಲ್ಲಿ ಎಂದು ಕೇಳುವುದರಲ್ಲಿ ಸಂಕೋಚ ಬೇಡ. ಬೆಳಿಗ್ಗೆ ಬೇಗ ಹೋಗಿ. ಹೊತ್ತೇರಿದ ಮೇಲೆ ಸೊಪ್ಪು ಉಳಿದಿರುವುದಿಲ್ಲ.

ಸೊಪ್ಪೇ ಇಲ್ಲಿನ ಮುಖ್ಯ ಸಂಗತಿ. ಟೊಮೆಟೊ, ಈರುಳ್ಳಿ, ಆಲೂಗಡ್ಡೆ ದೂರದಿಂದ ಬರಬಹುದು. ದಂಟು, ಹರಿವೆ, ಹೊನಗೊನೆ, ಪಾಲಕ್ ಬರಲಾರವು. ಕಿತ್ತ ಕೆಲವೇ ಗಂಟೆಗಳಲ್ಲಿ ಬಾಡಿ, ಮಾರನೆಯ ದಿನಕ್ಕೆ ಕೊಳೆಯಲು ಶುರುವಾಗುತ್ತವೆ. ತಮಿಳರು ಸಿರುಕೀರೈ ಎನ್ನುವ ಸೊಪ್ಪು ಬಿತ್ತಿದ 25–30 ದಿನಕ್ಕೆ ಕೊಯ್ಲಿಗೆ ಬರುತ್ತದೆ, ಅರೈಕೀರೈ ಕೊಯ್ದಷ್ಟೂ ಮತ್ತೆ ಚಿಗುರುತ್ತದೆ. ಸಣ್ಣ ತುಂಡು ನೆಲ, ದಿನವೂ ಒಂದಿಷ್ಟು ನೀರು, ಹತ್ತಿರದ ಪೇಟೆ ಇವು ಮೂರಿದ್ದರೆ ಒಂದು ಕುಟುಂಬ ಸೊಪ್ಪಿನಲ್ಲಿ ಬದುಕಬಹುದು. ಪಲ್ಲಾವರಂಗೆ ಆ ನೆಲ ಪಶ್ಚಿಮಕ್ಕೆ, ಕುಂದ್ರತ್ತೂರು, ಪಡಪ್ಪೈ ಕಡೆ ಇದೆ. ಮನೆ ನಿವೇಶನಗಳ ಬೋರ್ಡುಗಳು ಏಳುತ್ತಿರುವುದೂ ಆ ಕಡೆಗೇ. ಈ ಹೊಲಗಳು ಲೇಔಟ್ ಆದರೆ ಉಳವರ್ ಸಂದೈಯ ಕಟ್ಟಡ ಉಳಿಯುತ್ತದೆ, ಕೂರಲು ರೈತರು ಉಳಿಯುವುದಿಲ್ಲ. ನಗರ ಯೋಜನೆ ಮಾಡುವವರು ಕುಡಿಯುವ ನೀರಿನ ಕೆರೆಗೆ ಕೊಡುವ ರಕ್ಷಣೆಯನ್ನೇ ಸೊಪ್ಪಿನ ಹೊಲಕ್ಕೂ ಕೊಡಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ.

ನೀರಿನ ಕಥೆಯೂ ಇದಕ್ಕೇ ಸೇರಿದ್ದು. ಪಲ್ಲಾವರಂ ಪೆರಿಯ ಏರಿ ಹೆಸರಿಗೆ ತಕ್ಕಂತೆ ದೊಡ್ಡ ಕೆರೆಯಾಗಿತ್ತು. ತೊರೈಪಾಕ್ಕಂಗೆ ಹೋಗುವ 200 ಅಡಿ ರಸ್ತೆ ಅದನ್ನು ಸೀಳಿತು. ಒಂದು ಭಾಗಕ್ಕೆ ವರ್ಷಗಟ್ಟಲೆ ಕಸ ಬಿತ್ತು, ಮನೆಗಳ ಕೊಳಚೆ ಹರಿಯಿತು. ಅದೇ ಕೊಳಚೆಯನ್ನು ಶುದ್ಧ ಮಾಡಿ ಬೇಸಾಯದ ನೆಲಕ್ಕೆ ಮರಳಿಸಬಹುದು ಎಂಬುದಕ್ಕೆ ಉದಾಹರಣೆ ಮತ್ತೆ ಕೋಲಾರದಲ್ಲೇ ಇದೆ. ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ ಕೋಲಾರದ ಕೆರೆಗಳಿಗೆ ಹರಿಸುವ ಕೋರಮಂಗಲ–ಚಲ್ಲಘಟ್ಟ ಕಣಿವೆ ಯೋಜನೆ, ಅಂದರೆ ಕೆ.ಸಿ. ವ್ಯಾಲಿ, 2018ರ ಜೂನ್‌ನಲ್ಲಿ ಚಾಲನೆಗೆ ಬಂತು. ದಿನಕ್ಕೆ 44 ಕೋಟಿ ಲೀಟರ್ ಹರಿಸುವುದು ಅದರ ಗುರಿ. ಆ ನೀರನ್ನು ನೇರವಾಗಿ ಹೊಲಕ್ಕೆ ಬಿಡುವುದಲ್ಲ. ಕೆರೆ ತುಂಬಿಸಿ, ಭೂಮಿಗೆ ಇಂಗಿಸಿ, ಬೋರ್‌ವೆಲ್‌ನಿಂದ ಎತ್ತಿಕೊಳ್ಳುವುದು. ಬತ್ತಿದ ಬೋರ್‌ವೆಲ್‌ಗಳಲ್ಲಿ ನೀರು ಬಂತು. ಆದರೆ ಸಂಸ್ಕರಣೆ ಎರಡನೆಯ ಹಂತಕ್ಕೇ ನಿಂತಿದೆ, ಮೂರನೆಯ ಹಂತವೂ ಆಗಬೇಕು ಎಂದು ಶಾಶ್ವತ ನೀರಾವರಿ ಹೋರಾಟ ಸಮಿತಿ ಹಠ ಹಿಡಿದಿರುವುದು ನ್ಯಾಯವಾದದ್ದು. ಆ ನೀರಿನಲ್ಲಿ ಬೆಳೆದದ್ದನ್ನು ಬೆಂಗಳೂರಿನವರೂ ಚೆನ್ನೈನವರೂ ತಿನ್ನುತ್ತಾರೆ.

ಇನ್ನು ತಾರಸಿ ತೋಟ. 2013–14ರಲ್ಲಿ ತಮಿಳುನಾಡು ತೋಟಗಾರಿಕೆ ಇಲಾಖೆ ಚೆನ್ನೈ ಮತ್ತು ಕೊಯಮತ್ತೂರಿನ ಮನೆಗಳಿಗೆ ಚೀಲ, ತೆಂಗಿನ ನಾರಿನ ಪುಡಿ, ಬೀಜ ಇರುವ ಕಿಟ್ ಅನ್ನು ಸಹಾಯಧನದಲ್ಲಿ ಹಂಚಿತು. ಬೆಂಗಳೂರಿನಲ್ಲಿ ಡಾ. ಬಿ.ಎನ್. ವಿಶ್ವನಾಥ್ ಇದನ್ನು ಬಹಳ ಮೊದಲೇ ಮನೆಮನೆಗೆ ಕಲಿಸಿದರು. ತಾರಸಿ ಇಡೀ ಅಡುಗೆಮನೆಯನ್ನು ಸಾಕುತ್ತದೆ ಎಂದು ಹೇಳುವವರನ್ನು ನಂಬಬೇಡಿ. ಸೊಪ್ಪು, ಕರಿಬೇವು, ಹಸಿಮೆಣಸಿನಕಾಯಿಯ ಮಟ್ಟಿಗೆ ಸಾಕುತ್ತದೆ, ಅಷ್ಟಾದರೂ ದೊಡ್ಡದೇ.

ಪಲ್ಲಾವರಂನಲ್ಲಿ ಶುರು ಮಾಡುವವರು ಕೆಂಪು ಮಣ್ಣು, ನಾರಿನ ಪುಡಿ, ಗೊಬ್ಬರ ಮೂರನ್ನೂ ಸಮನಾಗಿ ಬೆರೆಸಿ, ನೀರು ಸೋರಿಹೋಗುವ ತೂತಿರುವ ಅಗಲವಾದ ಚೀಲಕ್ಕೆ ತುಂಬಿ. ಹರಿವೆ ಬೀಜ ಬಹಳ ಸಣ್ಣದು, ಮರಳಿನಲ್ಲಿ ಕಲಸಿ ಚೆಲ್ಲಿದರೆ ಒಂದೇ ಕಡೆ ಬೀಳುವುದಿಲ್ಲ. ಏಪ್ರಿಲ್‌ನಿಂದ ಜೂನ್‌ವರೆಗೆ ನೆರಳು ಬಲೆ ಕಟ್ಟಿ, ನೀರನ್ನು ಬೆಳಿಗ್ಗೆ ಬಿಸಿಲೇರುವ ಮೊದಲೇ ಹಾಕಿ. ಅಕ್ಟೋಬರ್ ನಂತರದ ಹಿಂಗಾರಿನಲ್ಲಿ ಚೀಲಗಳನ್ನು ಇಟ್ಟಿಗೆಯ ಮೇಲೆ ಎತ್ತಿಡಿ, ಬೇರು ಕೊಳೆಯುವುದಿಲ್ಲ. ಕ್ರೋಂಪೇಟೆ–ಪಲ್ಲಾವರಂ ಸುತ್ತ ಚರ್ಮ ಹದ ಮಾಡುವ ಕಾರ್ಖಾನೆಗಳ ಕೊಳೆ ಅಂತರ್ಜಲ ಸೇರಿದ ಕಾರಣ, ಬೋರ್‌ವೆಲ್ ನೀರನ್ನು ಒಮ್ಮೆ ಪರೀಕ್ಷೆ ಮಾಡಿಸಿ ಬಳಸುವುದು ಕ್ಷೇಮ. ಆರ್‌ಒ ಯಂತ್ರ ಹೊರಹಾಕುವ ನೀರನ್ನು ಗಿಡಕ್ಕೆ ಹಾಕಬೇಡಿ, ಅದರಲ್ಲಿ ಉಪ್ಪು ಇನ್ನೂ ಹೆಚ್ಚು. ಅಕ್ಕಿ ತೊಳೆದ ನೀರು, ತರಕಾರಿ ತೊಳೆದ ನೀರು ಧಾರಾಳವಾಗಿ ಹಾಕಬಹುದು.