‘ಬೇಗ’ ಎಂದರೆ ಎಷ್ಟು?

ಗೌರಸಮುದ್ರದ ಮಾರಮ್ಮನ ಜಾತ್ರೆಯನ್ನು ಕಂಡವರಿಗೆ ಜನಸಂದಣಿಯೆಂದರೇನೆಂದು ಬಣ್ಣಿಸಬೇಕಾಗಿಲ್ಲ. ವರ್ಷವಿಡೀ ಮಲಗಿದಂತಿರುವ ನಮ್ಮೂರು ಭಾದ್ರಪದ ಮಾಸದ ಆ ದಿನ, ಆಂಧ್ರದ ಕಡೆಯಿಂದಲೂ ಬರುವ ಭಕ್ತರಿಂದ ತುಂಬಿಹೋಗುತ್ತದೆ. ಕಳೆದ ವರ್ಷ ಪೂಜಾ ಸಾಮಗ್ರಿಯ ವರ್ತಕರೊಬ್ಬರು ನನ್ನನ್ನು ಕರೆದು, “ಬಿಲ್ಲು ಹಾಕೋದಕ್ಕೆ ಕಂಪ್ಯೂಟರಿನಲ್ಲಿ ಏನಾದರೂ ಮಾಡಿಕೊಡಪ್ಪ, ಬೇಗ ಆಗಬೇಕು, ಅಷ್ಟೆ” ಎಂದರು. ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿಗ. ಪ್ರಶ್ನೆ ಕೇಳಿದರೆ ಇವನಿಗೆ ವಿದ್ಯೆ ಬಾರದೆಂದುಕೊಂಡಾರೆಂಬ ಸಂಕೋಚದಿಂದ ಏನನ್ನೂ ಕೇಳದೆ ಒಪ್ಪಿಕೊಂಡೆ.

ಬಿಡುವಿನಲ್ಲಿ ಕಲಿತ ಅಲ್ಪಸ್ವಲ್ಪ ವಿದ್ಯೆಯಿಂದ ತಂತ್ರಾಂಶವನ್ನು ಬರೆದೆ. ಸರಕಿನ ಹೆಸರನ್ನು ಹುಡುಕಲು ಅದಕ್ಕೆ 2 ಸೆಕೆಂಡು ಹಿಡಿಯುತ್ತಿತ್ತು. ಹದಿನೈದು ರಾತ್ರಿ ನಿದ್ದೆಗೆಟ್ಟು, ಕಣ್ಣು ಮಿಟುಕಿಸುವುದರೊಳಗೆ ಹುಡುಕುವಂತೆ ಮಾಡಿದೆ. ಆದರೆ ಜಾತ್ರೆಯ ದಿನ ಅಂಗಡಿಯ ಮುಂದಿನ ಸಾಲು ಕರಗಲೇ ಇಲ್ಲ. ಒಂದೊಂದು ಬಿಲ್ಲೂ ಅಚ್ಚಾಗಿ ಹೊರಬರಲು 15 ಸೆಕೆಂಡು ಬೇಕಾಗಿತ್ತು. ಅದನ್ನು ನಾನು ಅಳೆದೇ ಇರಲಿಲ್ಲ! ಮಧ್ಯಾಹ್ನದ ಹೊತ್ತಿಗೆ ವರ್ತಕರು ಯಂತ್ರವನ್ನು ಬದಿಗೆ ಸರಿಸಿ ಹಳೆಯ ಚೀಟಿ ಪುಸ್ತಕವನ್ನು ತೆಗೆದರು. ಬೈಯಲಿಲ್ಲ, ಬೈದಿದ್ದರೆ ಚೆನ್ನಾಗಿತ್ತು.

‘ಬೇಗ’ ಎಂಬುದು ಅಳತೆಯಲ್ಲ. ಯಾವ ಕೆಲಸ, ಎಷ್ಟು ಜನರಿಗೆ, ಎಷ್ಟು ಹೊತ್ತಿನೊಳಗೆ ಎಂಬುದು ಗೊತ್ತಾಗದೆ ವೇಗವನ್ನು ಹೆಚ್ಚಿಸಹೊರಡುವುದು ಅಳತೆ ತೆಗೆಯದೆ ಅಂಗಿ ಹೊಲಿದಂತೆ. ನಮ್ಮ ರಾಜ್ಯದ ‘ಭೂಮಿ’ ಯೋಜನೆಯನ್ನೇ ನೋಡಿ. ಅದಕ್ಕೆ ಮೊದಲು ಪಹಣಿಗಾಗಿ ರೈತನು 3ರಿಂದ 30 ದಿನ ಅಲೆಯಬೇಕಾಗಿತ್ತು. 2001ರ ಸುಮಾರಿಗೆ ತಾಲ್ಲೂಕು ಕೇಂದ್ರಗಳಲ್ಲಿ 15 ರೂಪಾಯಿಗೆ, 5ರಿಂದ 30 ನಿಮಿಷಗಳೊಳಗೆ ದೊರೆಯತೊಡಗಿತು. ಇದು ಗಣಕಯಂತ್ರದ ಗೆಲುವು. ಆದರೆ ಖಾತೆ ಬದಲಾವಣೆಯ ಮಾತು ಬೇರೆ. ತಕರಾರು ಸಲ್ಲಿಸುವವರಿಗೆಂದು ಆಗ ಕಾನೂನು 30 ದಿನಗಳ ಅವಕಾಶವಿಟ್ಟಿತ್ತು. ಎಂಥ ಯಂತ್ರವನ್ನು ತಂದಿಟ್ಟರೂ ಆ ಮೂವತ್ತು ಇಪ್ಪತ್ತೊಂಬತ್ತಾಗದು. ಹೊತ್ತು ಎಲ್ಲಿ ಕಳೆಯುತ್ತಿದೆಯೆಂಬುದನ್ನು ಮೊದಲು ಅರಿಯಬೇಕಾದುದು ಇದಕ್ಕೇ.

ಹಬ್ಬ ಕಳೆದ ಮೇಲೆ ಧೈರ್ಯ ಮಾಡಿ ವರ್ತಕರ ಬಳಿಗೆ ಮತ್ತೆ ಹೋದೆ. ಈ ಸಲ ಕಾಗದ, ಪೆನ್ಸಿಲು, ಗಡಿಯಾರ ನನ್ನ ಜೊತೆಗಿದ್ದವು. ಎಷ್ಟು ಹೊತ್ತಾದರೆ ಬೇಗವೆಂದು ಕೇಳಿದೆ. “ನಾನು ಚಿಲ್ಲರೆ ಎಣಿಸಿ ಕೊಡುವುದರೊಳಗೆ ಬಿಲ್ಲು ಬಂದರೆ ಸಾಕಪ್ಪ” ಎಂದರು. ಇಪ್ಪತ್ತು ಗಿರಾಕಿಗಳವರೆಗೆ ಪಕ್ಕದಲ್ಲಿ ಕುಳಿತು ಅಳೆದೆ: ಸುಮಾರು 10 ಸೆಕೆಂಡು. ಅದನ್ನು ಬರೆದು ಇಬ್ಬರೂ ರುಜು ಹಾಕಿದೆವು. ಬಿಲ್ಲಿನ ತಲೆಯ ಮೇಲೆ ಅಂದಕ್ಕೆಂದು ನಾನು ಸೇರಿಸಿದ್ದ ಅಮ್ಮನ ಚಿತ್ರವೇ ಅಚ್ಚನ್ನು ತಡಮಾಡುತ್ತಿತ್ತು. ತೆಗೆದೊಡನೆ 5 ಸೆಕೆಂಡಿಗಿಳಿಯಿತು. ಅಮ್ಮನಿಲ್ಲದ ಬಿಲ್ಲು ಬೇಡವೆಂದು ವರ್ತಕರು ಹಟ ಹಿಡಿದುದರಿಂದ, ಚಿತ್ರ ಮೊದಲೇ ಅಚ್ಚಾದ ಕಾಗದದ ಸುರುಳಿಗಳನ್ನು ತರಿಸಿದೆವು.