ಇಳಿತದಲ್ಲೂ ಕೈಕೊಡದ ಪಂಪು: ಸಿಯಾಟಲ್‌ನ ಮೊದಲ ಅಗ್ನಿಶಾಮಕ ದೋಣಿಗಳು

ಅಮೆರಿಕದ ವಾಯವ್ಯ ಮೂಲೆಯಲ್ಲಿರುವ ಸಿಯಾಟಲ್ ನಗರವು 1891ರಲ್ಲಿ ‘ಸ್ನೋಕ್ವಾಲ್ಮಿ’ ಎಂಬ ಅಗ್ನಿಶಾಮಕ ದೋಣಿಯನ್ನು, ಎಂದರೆ ತಾನು ತೇಲುವ ನೀರನ್ನೇ ಹೀರಿ ಬೆಂಕಿಯ ಮೇಲೆ ಚಿಮ್ಮಿಸುವ ಪಂಪುಗಳನ್ನು ಹೊತ್ತ ಉಗಿನಾವೆಯನ್ನು ಸೇವೆಗೆ ತಂದಿತು. ಬಾಸ್ಟನ್ 1873ರಲ್ಲಿ, ನ್ಯೂಯಾರ್ಕ್ 1875ರಲ್ಲಿ ಇಂಥ ದೋಣಿಗಳನ್ನು ಪಡೆದಿದ್ದವಾದರೂ ಅಮೆರಿಕದ ಪಶ್ಚಿಮ ಕರಾವಳಿಗೆ ಇದೇ ಮೊದಲನೆಯದು. ಮತ್ತು ಇದನ್ನು ಕಟ್ಟಿಸುವ ಮುನ್ನ ಆ ನಗರ ತೆತ್ತ ಬೆಲೆ ಸಣ್ಣದಲ್ಲ.

1889ರ ಜೂನ್ 6ರ ಮಧ್ಯಾಹ್ನ ಬಡಗಿಯ ಅಂಗಡಿಯೊಂದರಲ್ಲಿ ಕಾಯಿಸುತ್ತಿದ್ದ ಅಂಟು ಉಕ್ಕಿ ಹೊತ್ತಿಕೊಂಡ ಬೆಂಕಿಯು, ಬಹುಪಾಲು ಮರದಿಂದಲೇ ಕಟ್ಟಿದ್ದ ಪೇಟೆಯ ಇಪ್ಪತ್ತೈದಕ್ಕೂ ಹೆಚ್ಚು ಬೀದಿಚೌಕಗಳನ್ನೂ ದಡದ ಧಕ್ಕೆಗಳನ್ನೂ ಮರುದಿನದ ನಸುಕಿನೊಳಗೆ ಸುಟ್ಟುಹಾಕಿತು. ನೀರು ಪೂರೈಸುತ್ತಿದ್ದ ಖಾಸಗಿ ಕಂಪನಿಯ ಕೊಳವೆಗಳು ಕಿರಿದಾಗಿದ್ದವು, ಅವುಗಳಲ್ಲಿ ಕೆಲವು ಕೊರೆದ ಮರದ ದಿಮ್ಮಿಗಳಾಗಿದ್ದವು. ಒಟ್ಟಿಗೆ ಹಲವು ನಲ್ಲಿಗಳಿಗೆ ಮೆದುಗೊಳವೆ ಜೋಡಿಸಿದೊಡನೆ ಒತ್ತಡ ಕುಸಿದು ಚಿಮ್ಮಬೇಕಾದ ನೀರು ತೊಟ್ಟಿಕ್ಕತೊಡಗಿತು. ಎದುರಿಗೇ ಎಲಿಯಟ್ ಕೊಲ್ಲಿಯಿತ್ತು, ಆದರೆ ಆ ಹೊತ್ತಿಗೆ ಕಡಲು ಇಳಿತದಲ್ಲಿದ್ದುದರಿಂದ ಅಲ್ಲಿಂದ ನೀರೆತ್ತುವ ಯತ್ನವೂ ಕೈಗೂಡಲಿಲ್ಲ.

ಇದನ್ನು ಬರಿಯ ದುರದೃಷ್ಟವೆಂದು ತಳ್ಳಿಹಾಕುವುದು ಸರಿಯಲ್ಲ. ಪಂಪು ನೀರನ್ನು ಮೇಲಕ್ಕೆ ಎಳೆಯುವುದಿಲ್ಲ, ಹೀರುಕೊಳವೆಯಲ್ಲಿನ ಗಾಳಿಯನ್ನು ತೆಗೆಯುತ್ತದಷ್ಟೆ. ಆಗ ಹೊರಗಿನ ವಾತಾವರಣದ ಒತ್ತಡವೇ ನೀರನ್ನು ಮೇಲಕ್ಕೆ ತಳ್ಳುತ್ತದೆ. ಆ ಒತ್ತಡ ಎತ್ತಬಲ್ಲದ್ದು ಲೆಕ್ಕದಲ್ಲಿ ಸುಮಾರು 10 ಮೀಟರ್, ವ್ಯವಹಾರದಲ್ಲಿ ಏಳೆಂಟು ಮೀಟರ್ ಮಾತ್ರ, ಮತ್ತು ಎತ್ತರ ಹೆಚ್ಚಿದಷ್ಟೂ ದೊರೆಯುವ ನೀರು ಕಡಿಮೆ. ಉಬ್ಬರ ಇಳಿತಗಳ ನಡುವೆ ಮೂರು ಮೀಟರಿಗೂ ಮೀರಿದ ಅಂತರವಿರುವ ಸಿಯಾಟಲ್‌ನಲ್ಲಿ ದಡದ ಮೇಲಿನ ಯಂತ್ರಕ್ಕೆ ಕಡಲು ಗಳಿಗೆಗೊಂದು ದೂರದಲ್ಲಿರುತ್ತದೆ. ದೋಣಿಯಾದರೋ ನೀರಿನೊಡನೆಯೇ ಏರಿಳಿಯುವುದರಿಂದ ಅದರ ಪಂಪಿಗೂ ನೀರಿಗೂ ನಡುವಣ ಅಂತರ ಬದಲಾಗುವುದೇ ಇಲ್ಲ. ಇನ್ನೊಂದು ಅನುಕೂಲವೂ ಇತ್ತು: ನೀರಿನಲ್ಲಿ ನೆಟ್ಟ ಮರದ ಕಂಬಗಳ ಮೇಲೆ ನಿಂತ ಧಕ್ಕೆಗಳಲ್ಲಿ ಬೆಂಕಿ ಹಲಗೆಗಳ ಅಡಿಯಲ್ಲಿ ಹರಿದಾಗ, ದಡದವರ ನೀರು ಅಲ್ಲಿಗೆ ತಲುಪುವುದು ಕಷ್ಟ, ಕಡಲ ಕಡೆಯಿಂದ ಬಂದ ದೋಣಿಗೆ ಅದು ಸುಲಭ.

ಬಂದರು ಬೆಳೆದಂತೆ 1909ರಲ್ಲಿ 120 ಅಡಿ ಉದ್ದದ ಉಕ್ಕಿನ ‘ಡುವಾಮಿಶ್’ ಜತೆಗೂಡಿತು. ನಿಮಿಷಕ್ಕೆ 9,000 ಗ್ಯಾಲನ್, ಅಂದರೆ ಸುಮಾರು 34,000 ಲೀಟರ್ ನೀರು ಚಿಮ್ಮಿಸುತ್ತಿದ್ದ ಅದರ ಮೂತಿಯನ್ನು, ಹತ್ತಿ ಉರಿಯುವ ಮರದ ಹಡಗಿಗೆ ಗುದ್ದಿ ಅದನ್ನು ಮುಳುಗಿಸಿಬಿಡಲು ಆಗುವಂತೆ ರೂಪಿಸಲಾಗಿತ್ತು. ಬೆಂಕಿಯಾರಿಸುವ ಈ ಉಪಾಯ ಒರಟೇ ಸರಿ, ಆದರೆ ಉರಿಯುವ ಹಡಗೊಂದು ಮರದ ಧಕ್ಕೆಗಳ ಸಾಲಿನ ಕಡೆಗೆ ತೇಲಿಬರುವಾಗ ನಯವಾದ ಉಪಾಯ ಬೇರೆ ಯಾವುದಿದ್ದೀತು?

1914ರ ಜುಲೈ 30ರಂದು ಗ್ರ್ಯಾಂಡ್ ಟ್ರಂಕ್ ಪೆಸಿಫಿಕ್ ಧಕ್ಕೆಗೆ ಬೆಂಕಿ ಬಿದ್ದಾಗ ಈ ದೋಣಿಗಳಿಗೂ ಅದನ್ನು ಉಳಿಸಿಕೊಳ್ಳಲಾಗಲಿಲ್ಲ. ಪಕ್ಕದ ಕೋಲ್ಮನ್ ಧಕ್ಕೆ ಮಾತ್ರ ಉಳಿಯಿತು. ಮುಂದೆ 1949ರಲ್ಲಿ ಉಗಿಯಂತ್ರ ಹೋಗಿ ಡೀಸೆಲ್ ಬಂದ ಮೇಲೆ ಡುವಾಮಿಶ್‌ನ ಬಲ ನಿಮಿಷಕ್ಕೆ 22,800 ಗ್ಯಾಲನ್‌ಗೆ ಏರಿತು. 1985ರಲ್ಲಿ ಸೇವೆಯಿಂದ ಬಿಡುಗಡೆಯಾದ ಅದು ನಾಲ್ಕು ವರ್ಷಗಳ ತರುವಾಯ ರಾಷ್ಟ್ರೀಯ ಐತಿಹಾಸಿಕ ಸ್ಮಾರಕವೆಂದು ಘೋಷಿತವಾಯಿತು.